ಬರೋರ ಪಾಲು

ಹೋದ ಬೇಸಿಗೆಯವರೆಗೂ ವಳಕಮದಿನ್ನಿಯ ಯಮನಮ್ಮನವರ ಮನೆಯ ಪಡಸಾಲೆಯಲ್ಲಿ ನೆಲ ಒರೆಸಿದರೆ ಎಲ್ಲ ಕಡೆಯೂ ಆರುತ್ತಿತ್ತು, ಒಂದು ಕಡೆ ಮಾತ್ರ ಆರುತ್ತಿರಲಿಲ್ಲ. ಅಡುಗೆಮನೆಗೆ ಹೋಗುವ ದಾರಿಯಲ್ಲಿ, ಹಾಸುಗಲ್ಲಿನ ಮೇಲೆ ದುಂಡನೆಯ ಒಂದು ಕಲೆ ಸದಾ ತೇವವಾಗಿ ಕಾಣುತ್ತಿತ್ತು. ಬಿಸಿಲು ಏರಿದಂತೆ ಆ ಕಲೆಯ ಅಂಚಿನಲ್ಲಿ ಬಿಳಿಯ ಉಪ್ಪು ಕೂದಲೆಳೆಗಳ ಹಾಗೆ ಎದ್ದು ನಿಲ್ಲುತ್ತಿತ್ತು. ಬೆಳಿಗ್ಗೆ ಗುಡಿಸಿ ಹಾಕಿದರೆ ಸಂಜೆಗೆ ಮತ್ತೆ ಹುಟ್ಟುತ್ತಿತ್ತು. ಮನೆಯ ಕುರಿಮರಿಗಳು ಪಡಸಾಲೆಯ ಉದ್ದಕ್ಕೂ ಜಿಗಿದಾಡಿದರೂ ಅಲ್ಲಿಗೆ ಬಂದಾಗ ಸುತ್ತು ಹಾಕಿಕೊಂಡು ಹೋಗುತ್ತಿದ್ದವು.

ಸೊಸೆ ಭಾರತಿ ಮದುವೆಯಾಗಿ ಬಂದ ಹೊಸತರಲ್ಲಿ ಮಧ್ಯಾಹ್ನದ ಸೆಕೆ ತಾಳದೆ ಆ ಕಲ್ಲಿನ ಮೇಲೆ ಚಾಪೆ ಹಾಸಿ ಮಲಗಿದ್ದಳು. ಯಮನಮ್ಮನವರು ಬಂದು ತೋಳು ಹಿಡಿದು ಎಬ್ಬಿಸಿದರು.

“ಅಲ್ಲಿ ಕಿವಿ ಇಟ್ಟು ಮಲಗಬ್ಯಾಡವಾ.”

“ಯಾಕತ್ತಿ? ಎಷ್ಟು ತಂಪೈತಿ.”

“ತಂಪೈತಿ ಖರೆ. ಆ ತಂಪು ನಮ್ಮ ಮನೀದಲ್ಲ.”

ಕಲ್ಲಿನ ಕೆಳಗೆ ಹಗೇವು ಇದೆಯೆಂದು ಭಾರತಿಗೆ ತಿಳಿದದ್ದು ಆಮೇಲೆ. ಹಗೇವು ಎಂದರೆ ಧಾನ್ಯ ಕಾಪಿಡುವ ನೆಲದೊಳಗಿನ ಗುಂಡಿ. ಗಟ್ಟಿ ನೆಲವನ್ನು ಗಡಿಗೆಯ ಆಕಾರದಲ್ಲಿ ಆಳವಾಗಿ ಅಗೆದು, ಒಳಗೋಡೆಗೆ ಒಣಗಿದ ಜೋಳದ ಸೊಪ್ಪೆ ಹೊದಿಸಿ, ಜೋಳ ತುಂಬಿ, ಬಾಯಿಗೆ ಕಲ್ಲು ಮುಚ್ಚಿ ಮಣ್ಣು ಮೆತ್ತುತ್ತಾರೆ. ಅದರ ಬಾಯಿ ಒಬ್ಬ ಆಳು ಮೈ ಕುಗ್ಗಿಸಿ ಇಳಿಯುವಷ್ಟು. ಹೊಟ್ಟೆ ಒಂದು ಕೋಣೆಯಷ್ಟು. ಈ ವೃತ್ತಾಂತವನ್ನು ಯಮನಮ್ಮನವರು, ಭಾರತಿ ಮತ್ತು ಮುಂದೆ ಬರುವ ಹುಲಿಗೇಶ ಎಂಬವರು ಬೇರೆ ಬೇರೆಯಾಗಿ ಹೇಳಿದ್ದನ್ನು ಒಂದರ ಪಕ್ಕ ಒಂದಿಟ್ಟು ಬರೆದಿದೆ. ಮೂವರ ಮಾತು ಎಲ್ಲಿ ಕೂಡುವುದಿಲ್ಲವೋ ಅಲ್ಲಿ ಹಾಗೆಂದೇ ಹೇಳಲಾಗಿದೆ.

ಯಮನಮ್ಮನವರು ಹುಟ್ಟಿದ್ದು ಮಸ್ಕಿಯಿಂದ ಲಿಂಗಸುಗೂರಿನ ಕಡೆಗೆ ಹೋಗುವ ರಸ್ತೆಗೆ ಸ್ವಲ್ಪ ಒಳಗೆ, ಕಾಲುವೆ ಮುಟ್ಟದ ಒಣನೆಲದ ಒಂದು ಊರಿನಲ್ಲಿ. ತಂದೆ ಮಾಳಿಂಗಪ್ಪ ಕುರಿ ಸಾಕಿದ್ದರು. ಊರಿನವರ ಹಗೇವುಗಳಿಗೆ ಇಳಿದು ಜೋಳ ತುಂಬಿಕೊಡುವ ಕೆಲಸವೂ ಅವರದೇ ಆಗಿತ್ತು. ಆ ಮನೆತನದಲ್ಲಿ ಒಂದು ಪದ್ಧತಿ ಇತ್ತು. ಹಗೇವು ತುಂಬುವಾಗ ಎಲ್ಲಕ್ಕಿಂತ ಮೊದಲು ಸುರಿಯುವ ಜೋಳಕ್ಕೆ ‘ಬರೋರ ಪಾಲು’ ಎನ್ನುತ್ತಿದ್ದರು. ಇನ್ನೂ ಹುಟ್ಟದವರ, ಮುಂದೆ ಬರಬೇಕಾದವರ ಪಾಲು ಅದು. ಎಂಥ ವರ್ಷ ಬಂದರೂ ತಳದ ಆ ಪದರಕ್ಕೆ ಕೈ ಹಾಕುವಂತಿಲ್ಲ. ಹೊಸ ಜೋಳ ಬಂದಾಗ ಹಳೆಯದನ್ನು ತೆಗೆದು ಅಷ್ಟೇ ಹೊಸದನ್ನು ಅಲ್ಲಿ ಹಾಕಬೇಕು.

ಹಗೇವಿನ ಕಲ್ಲು ಸರಿಸಿದ ಕೂಡಲೇ ಮನೆಯ ಹೆಣ್ಣುಮಗಳೊಬ್ಬಳು ಬಾಯಿಯ ಮೇಲೆ ಬಾಗಿ ಕೂಗಬೇಕು: “ಬರೋರಾ... ಅದೀರೇನು?” ಯಾರೂ ಓಗೊಡಬಾರದು. ಜೋಳ ತುಂಬಿದ ಹಗೇವು ಕೂಗನ್ನು ಹೀರಿಕೊಂಡು ಸುಮ್ಮನಿರುತ್ತದೆ. ಬರಿದಾದ ಹಗೇವು ಕೂಗಿದವಳ ದನಿಯನ್ನೇ ತಿರುಗಿ ಕೊಡುತ್ತದೆ, ಅದಕ್ಕೂ ಹೆದರಬೇಕಿಲ್ಲ. ಆನಂತರ ಹಗ್ಗಕ್ಕೆ ದೀಪ ಕಟ್ಟಿ ಇಳಿಸಬೇಕು. ದೀಪ ಆರದಿದ್ದರೆ ಆಳು ಇಳಿಯಬಹುದು. ಆದರೆ ಕೂಗಿಗೆ ಬೇರೊಂದು ದನಿ ಓಗೊಟ್ಟರೆ ದೀಪವನ್ನೂ ಇಳಿಸುವಂತಿಲ್ಲ. ಕಲ್ಲು ಮುಚ್ಚಿ, ಹಿಂದಿರುಗಿ ನೋಡದೆ ಎದ್ದು ಬರಬೇಕು.

ಯಮನಮ್ಮನವರ ಅಣ್ಣ ಸಿದ್ದರಾಮ ಈ ಪದ್ಧತಿಯನ್ನು ಒಮ್ಮೆ ಮೀರಿದ. ಬಿತ್ತನೆಗೆ ಹದವಾದ ಮಳೆ ಬಿದ್ದಿತ್ತು. ತಂದೆ ಕುರಿಗಳ ಹಿಂದೆ ಹೊಳೆಯ ಕಡೆ ಹೋಗಿದ್ದರು. ಬೀಜಕ್ಕಾಗಿ ಬಂದವರು ಬಂಡಿ ಹೂಡಿಕೊಂಡೇ ನಿಂತಿದ್ದರು. ತಾಯಿ ರೊಟ್ಟಿ ಬಡಿಯುವುದನ್ನು ಬಿಟ್ಟು ಬರುವವರೆಗೂ ಸಿದ್ದರಾಮ ಕಾಯಲಿಲ್ಲ.

“ಬರೋರ್ನ ಕೇಳಿಕೋತ ಕುಂತ್ರ ಇದ್ದೋರು ಬಿತ್ತೂದು ಯಾವಾಗ?” ಎಂದು ನಗುತ್ತ ಹಗೇವಿಗೆ ಇಳಿದ.

ತಾಯಿ ಒಳಗಿನಿಂದಲೇ, “ಏ ಸಿದ್ದಾ” ಎಂದು ಕರೆದರು. ಹಗೇವಿನೊಳಗಿಂದ “ಹ್ಞಾಂ” ಎಂದು ದನಿ ಬಂತು. ದಪ್ಪ ದನಿ, ನಿದ್ದೆಯಿಂದ ಎದ್ದವರ ದನಿಯ ಹಾಗೆ ನಿಧಾನ. ತಾಯಿ ಸಮಾಧಾನವಾಗಿ ಮತ್ತೊಂದು ರೊಟ್ಟಿ ಬಡಿದರು. ಜೋಳದ ಬುಟ್ಟಿ ಮೇಲೆ ಬಾರದಿದ್ದಾಗ ಬಂಡಿಯವರು ಹಗ್ಗದ ಕುಣಿಕೆ ಬಿಟ್ಟು ಅವನನ್ನು ಎಳೆದುಕೊಂಡರು. ಒಳಗೆ ಕಾಲಿಟ್ಟ ಗಳಿಗೆಯಲ್ಲೇ ಉಸಿರು ಹೋಗಿರಬೇಕೆಂದು ಎಲ್ಲರೂ ಹೇಳಿದರು.

ಹಾಗಾದರೆ “ಹ್ಞಾಂ” ಎಂದವರು ಯಾರು? ಕೆಟ್ಟ ಗಾಳಿ ತುಂಬಿದ ಹಗೇವು ಕೂಗಿದವರ ದನಿಯನ್ನೇ ದಪ್ಪ ಮಾಡಿ ಹಿಂದಕ್ಕೆ ಕಳಿಸುತ್ತದೆ ಎಂದು ಮಾಳಿಂಗಪ್ಪ ಹೇಳುತ್ತಿದ್ದರು. ಹೆಂಡತಿ ಅದನ್ನು ಕೊನೆಯವರೆಗೂ ಒಪ್ಪಲಿಲ್ಲ. ಆಗ ಯಮನಮ್ಮನವರು ಲಂಗ ತೊಡುವ ಹುಡುಗಿ, ತಾಯಿಯ ಪಕ್ಕದಲ್ಲೇ ಕುಳಿತಿದ್ದರು. “ಅಪ್ಪ ಹೇಳಿದ್ದು ಖರೆ ಇರಬೇಕ್ರಿ” ಎನ್ನುತ್ತಾರೆ ಅವರು ಈಗ. “ಆದ್ರ ನಾ ಕೇಳೀನಲ್ಲ. ಅದು ನಮ್ಮವ್ವನ ದನಿ ಆಗಿದ್ದಿಲ್ಲ.”

ಮದುವೆಯಾಗಿ ವಳಕಮದಿನ್ನಿಗೆ ಬಂದಾಗ ಅವರು ಮೊದಲು ಕಂಡದ್ದು ನೀರು. ಹುಟ್ಟಿದೂರಿನಲ್ಲಿ ಕೊಡದ ತಳದಲ್ಲಿ ಮಾತ್ರ ಇರುತ್ತಿದ್ದ ನೀರು ಇಲ್ಲಿ ಹೊಲದ ಬದುಗಳ ನಡುವೆ ಆಕಾಶವನ್ನು ತುಂಬಿಕೊಂಡು ನಿಂತಿತ್ತು. ಕಾಲುವೆ ಬಂದು ಕೆಲವು ವರ್ಷಗಳಾಗಿದ್ದವು. ಆಂಧ್ರದಿಂದ ಬಂದು ಕ್ಯಾಂಪು ಕಟ್ಟಿಕೊಂಡವರನ್ನು ನೋಡಿ ಊರಿನವರೂ ಜೋಳ ಬಿಟ್ಟು ಭತ್ತ ಹಿಡಿದಿದ್ದರು. ಯಮನಮ್ಮನವರು ನಾಟಿ ಮಾಡುವುದನ್ನು ಕಲಿತರು. ಮಕ್ಕಳಿಗೆ ಬಿಳಿ ಅನ್ನ ಉಣ್ಣಿಸಿದರು. ಸಿಂಧನೂರಿನ ಗಿರಣಿಗಳಿಗೆ ಭತ್ತದ ಚೀಲ ಹೊತ್ತ ಟ್ರ್ಯಾಕ್ಟರುಗಳು ಸಾಲುಗಟ್ಟಿ ಹೋಗುತ್ತಿದ್ದುದನ್ನು ನೆನೆಯುವಾಗ ಅವರ ಮುಖದಲ್ಲಿ ದೂರಿನ ಛಾಯೆ ಇರುವುದಿಲ್ಲ. “ಹೊಟ್ಟಿ ತುಂಬ ಉಂಡೀವ್ರಿ. ಸುಳ್ಳು ಯಾಕ ಹೇಳ್ಲಿ?” ಎನ್ನುತ್ತಾರೆ.

ಆದರೆ ನೀರು ಹೊಲದಲ್ಲಿ ಮಾತ್ರ ನಿಲ್ಲಲಿಲ್ಲ, ನೆಲದೊಳಗೂ ಏರಿತು. ದಿನ್ನೆಯ ಕೆಳಗಿನ ಮನೆಗಳ ಹಗೇವುಗಳಲ್ಲಿ ಜೋಳ ಕಪ್ಪಾಗಿ ಹುಳಿ ನಾರತೊಡಗಿತು. ಒಬ್ಬರ ಹಗೇವಿನ ಕಲ್ಲು ಸರಿಸಿದಾಗ ಒಳಗೆ ಬಾಯಿಯವರೆಗೂ ಕಪ್ಪು ನೀರು ನಿಂತಿತ್ತು. ಬಗ್ಗಿ ನೋಡಿದ ಹೆಂಗಸು ತನ್ನ ಮುಖದ ಹಿಂದೆ ಇನ್ನೊಂದು ಮುಖ ಕಂಡಿತೆಂದು ಹೇಳಿ ಜ್ವರ ಹಿಡಿದು ಮಲಗಿದಳು. ಯಮನಮ್ಮನವರ ಅತ್ತೆ ಮಾರೆಮ್ಮ ಇದನ್ನೆಲ್ಲ ಕೇಳಿ ತಮ್ಮ ಹಗೇವನ್ನು ಬರಿದು ಮಾಡಿಸಿದರು. ಸೊಸೆಯ ತವರಿನ ಪದ್ಧತಿ ಅವರಿಗೆ ಹಿಡಿಸಿತ್ತು. ತಳದಲ್ಲಿ ಒಂದು ಪದರ ಉಳಿಸಿಯೇ ಕಲ್ಲು ಮುಚ್ಚಿಸಿದರು.

“ಈ ಜ್ವಾಳ ನಮ್ಮವಲ್ಲ” ಎಂದರು ಸೊಸೆಗೆ. “ನಿನ್ನ ಕಾಲಕ್ಕ ನೀರು ಇಳಿದ್ರ ಹೊಸವು ಹಾಕಿ ತುಂಬು. ಮರೀಬ್ಯಾಡ.”

ಆ ಮಾತನ್ನು ಹೊತ್ತುಕೊಂಡೇ ಯಮನಮ್ಮನವರು ಮುದುಕಿಯಾದರು. ಅತ್ತೆ ಹೋದರು, ಗಂಡ ಹೋದ. ಕಾಲುವೆಯ ಕೊನೆಯ ಹೊಲಗಳಿಗೆ ನೀರು ತಲುಪುವುದು ಕಡಿಮೆಯಾಯಿತು. ಹಿಂದೆ ನೀರು ನಿಂತ ನೆಲವೆಲ್ಲ ಉಪ್ಪೇರಿ, ಸವುಳಾಗಿ ಬೆಳ್ಳಗಾಯಿತು. ಬೇಸಿಗೆಯ ನಡುಹಗಲಿನಲ್ಲಿ ಅವರ ಹೊಲ ಬೆಳದಿಂಗಳು ಬಿದ್ದಂತೆ ಕಾಣುತ್ತದೆ. ಅದರ ಮೇಲೆ ನಡೆದರೆ ಉಪ್ಪಿನ ಹೊರಪದರ ಕಾಲಿಟ್ಟಾಗ ಮುರಿಯುವುದಿಲ್ಲ, ಕಾಲೆತ್ತಿದ ಮೇಲೆ ಮುರಿಯುತ್ತದೆ. ಒಬ್ಬರೇ ಹೋಗುತ್ತಿದ್ದರೆ ಹಿಂದೆ ಯಾರೋ ಬರುತ್ತಿದ್ದಾರೆ ಎನಿಸುತ್ತದೆ. ಭಾರತಿ ಆ ಹೊಲಕ್ಕೆ ಬುತ್ತಿ ಒಯ್ಯುವಾಗ ಬದು ಬಿಟ್ಟು ಇಳಿಯುವುದಿಲ್ಲ.

ಹುಲಿಗೇಶ ಊರಿಗೆ ಬಂದದ್ದು ಈ ಬಿಳಿ ನೆಲದ ಸಲುವಾಗಿ. ಮಣ್ಣು-ನೀರಿನ ಕೆಲಸ ಮಾಡುವ ಒಂದು ಸಂಸ್ಥೆಯವನು. ಮಾತಿನಲ್ಲಿ ಸಾವಧಾನ, ಮೈಯಲ್ಲಿ ದಪ್ಪ. ‘ಸುಸ್ಥಿರ ಅಭಿವೃದ್ಧಿ’ ಎಂದು ಬರೆದ ಬ್ಯಾನರನ್ನು ಬೇವಿನ ಮರಕ್ಕೆ ಕಟ್ಟಿ, ಊರವರನ್ನು ನೆರಳಿನಲ್ಲಿ ಕೂಡಿಸಿ ಹೇಳಿದ:

“ಮೊದಲು ಅಭಿವೃದ್ಧಿ ಅಂದ್ರ, ಎಷ್ಟು ಬೆಳದ್ರಿ, ಎಷ್ಟು ಕಟ್ಟಿದ್ರಿ ಅಂತ ಅಷ್ಟ ಕೇಳ್ತಿದ್ರು. ಆಮ್ಯಾಲ, ಹಿಂಗ ಬೆಳಕೋತ ಹೋದ್ರ ನೆಲ ನೀರು ಗಾಳಿ ಉಳೀತಾವೇನು ಅಂತ ದೇಶದೇಶದ ಮಂದಿ ಕೇಳಾಕ ಹತ್ತಿದ್ರು. ಕೂತು ಮಾತಾಡಿ ಒಂದು ಮಾತಿಗೆ ಬಂದ್ರು. ಈಗ ಇದ್ದೋರು ತಮ್ಮ ಗರಜು ತೀರಿಸ್ಕೋಬೇಕು, ಆದ್ರ ಮುಂದ ಬರೋರ ಗರಜಿಗೆ ಅಡ್ಡ ಬರಬಾರ್ದು. ಈಗೀಗ ಅದರಾಗ ಬಡತನ, ಸಾಲಿ, ದವಾಖಾನಿ, ಹೆಣ್ಮಕ್ಕಳ ಪಾಡು ಎಲ್ಲಾ ಕೂಡಿಸ್ಯಾರ.”

ಮುಂದೆ ಕುಳಿತಿದ್ದ ಯಂಕೋಬ ಬೀಡಿ ಆರಿಸಿದರು. ಅವರು ಯಮನಮ್ಮನವರ ಗಂಡನ ದೊಡ್ಡಪ್ಪನ ಮಗ, ಊರಿನ ಯಾವ ಸಭೆಯನ್ನೂ ನಗಿಸದೆ ಬಿಡದವರು.

“ಅಲ್ಲಲೇ ತಮ್ಮಾ, ಮುಂದ ಬರೋರು ನಿನಗ ಫೋನ್ ಮಾಡ್ಯಾರೇನು, ನಮಗಿಂಥಾದ್ದು ಬೇಕಂತ?”

ಸಭೆ ನಕ್ಕಿತು. ಹುಲಿಗೇಶನೂ ನಕ್ಕ. “ಅವರ್ನ ಕೇಳಾಕ ಬರಂಗಿಲ್ರಿ ಯಜಮಾನ್ರ. ಅದ ತ್ರಾಸು.”

“ಕೇಳಾಕ ಬರತೈತಿ” ಎಂದು ಹೆಂಗಸರ ಸಾಲಿನಿಂದ ಯಮನಮ್ಮನವರು ಹೇಳಿದರು. “ನಮ್ಮ ತವರ್ಮನ್ಯಾಗ ಕೇಳ್ತಿದ್ವಿ.”

ಎಲ್ಲರೂ ತಿರುಗಿ ನೋಡಿದರು. ಈ ಸಲ ಯಾರೂ ನಗಲಿಲ್ಲ.

ಹುಲಿಗೇಶ ಅಂದೇ ಸಂಜೆ ಮನೆಗೆ ಬಂದ. ತೇವದ ಕಲೆಯನ್ನು ನೋಡಿದ, ಕಲ್ಲನ್ನು ಬೆರಳ ಗೆಣ್ಣಿನಿಂದ ಬಡಿದ. ಯಮನಮ್ಮನವರ ಮಗ ವಿರೇಶ ಆ ವರ್ಷ ಎತ್ತರದ ಒಂದು ತುಂಡು ಹೊಲದಲ್ಲಿ ಭತ್ತ ಬಿಟ್ಟು ಜೋಳ ಬೆಳೆದಿದ್ದ. ಬೆಳೆ ಬಂದಿತ್ತು, ಆದರೆ ಗೋಡೆಯ ತೇವ ಚೀಲಗಳಿಗೆ ಹತ್ತಿ ಜೋಳ ಮುಗ್ಗಲಾಗತೊಡಗಿತ್ತು. ನೀರು ಇಳಿದಿದೆ, ದಿನ್ನೆಯ ನೆತ್ತಿಯ ಈ ಹಗೇವು ಒಣಗಿರಬಹುದು, ತೆರೆದು ಚೊಕ್ಕ ಮಾಡಿ ಮತ್ತೆ ತುಂಬಬಹುದು ಎಂಬ ಮಾತು ವಿರೇಶ, ಹುಲಿಗೇಶ ಇಬ್ಬರಿಗೂ ಒಟ್ಟಿಗೇ ಹೊಳೆಯಿತು. ಉಳಿದ ಊರುಗಳಿಗೆ ತೋರಿಸಲು ಇದಕ್ಕಿಂತ ಒಳ್ಳೆಯದು ಬೇಕೇ ಎಂದ ಹುಲಿಗೇಶ.

ಅತ್ತೆಗೆ ಕೊಟ್ಟ ಮಾತು ತೀರುವ ಕಾಲ ಬಂದಿತ್ತು. ಯಮನಮ್ಮನವರಿಗೆ ಬೇಕಾಗಿದ್ದುದೂ ಅದೇ. ಆದರೆ ಹಗೇವಿನ ಬಾಯಿ ಸಣ್ಣದು. ಅದರೊಳಗೆ ಹೋಗಬಲ್ಲ ಮೈಕಟ್ಟಿನ ಗಂಡಸು ಮನೆಯಲ್ಲಿ ಒಬ್ಬನೇ ಇದ್ದ.

“ತೆಗೀರಿ, ತುಂಬ್ರಿ. ನೀ ಮಾತ್ರ ಇಳೀಬ್ಯಾಡ” ಎಂದರು ಮಗನಿಗೆ.

“ಮತ್ಯಾರು ಇಳೀಬೇಕಯವ್ವಾ? ಹುಲಿಗೇಶಣ್ಣನ ಹೊಟ್ಟಿ ಆ ಬಾಯಾಗ ಹಿಡಿಯಂಗಿಲ್ಲ.”

“ನಿಮ್ಮ ಸೋದರಮಾವನೂ ಹಿಂಗ ನಕ್ಕೋತ ಇಳಿದಿದ್ದ.”

“ಅವ ದೀಪ ಇಳಿಸಿದ್ದಿಲ್ಲ, ನಾವು ಇಳಸ್ತೀವಿ. ದೀಪ ಆರಿತಂದ್ರ ನಾ ಕಾಲಿಡಂಗಿಲ್ಲ. ನಿನ್ನಾಣಿ. ಆರಲಿಲ್ಲಂದ್ರ ನೀ ತಡೀಬಾರ್ದು.”

ಯಮನಮ್ಮನವರು ಒಪ್ಪಿದರು. ಒಪ್ಪಿದ ಮೇಲೆ ಅವರಿಗೆ ಊಟ ಸೇರಲಿಲ್ಲವೆಂದು ಭಾರತಿ ಹೇಳುತ್ತಾಳೆ.

ಹಗೇವು ತೆರೆದ ದಿನ ಗಾಳಿ ಬಿದ್ದುಹೋಗಿತ್ತು. ಬಿಸಿಲು ಇತ್ತು, ಪಡುವಣದಲ್ಲಿ ಮೋಡವೂ ಕಟ್ಟುತ್ತಿತ್ತು. ಸಿಂಧನೂರಿನ ಬಸ್ಸು ತಡವಾಗಿ ಹುಲಿಗೇಶ ಬಂದಾಗ ಮಧ್ಯಾಹ್ನವಾಗಿತ್ತು. ವಿರೇಶ ಮತ್ತು ಯಂಕೋಬ ಹಾರೆ ಹಾಕಿ ಕಲ್ಲು ಮೀಟಿದರು. ಕಲ್ಲು ಎದ್ದಾಗ, ಯಾರೋ ಬಹಳ ಕಾಲದಿಂದ ಹಿಡಿದಿಟ್ಟಿದ್ದ ಉಸಿರನ್ನು ಮೆಲ್ಲಗೆ ಬಿಟ್ಟಂತೆ ಆಯಿತು. ಹುಳಿತ ಅಂಬಲಿಯ ವಾಸನೆ ಪಡಸಾಲೆಯನ್ನು ತುಂಬಿತು. ಕಟ್ಟೆಯ ಮೇಲಿದ್ದ ಕೋಳಿಗಳು ಸದ್ದಿಲ್ಲದೆ ಇಳಿದು ಬೀದಿಗೆ ನಡೆದವು.

ಯಮನಮ್ಮನವರು ಸೆರಗು ಸಿಕ್ಕಿಸಿಕೊಂಡು ಬಾಯಿಯ ಮೇಲೆ ಬಾಗಿದರು.

“ಬರೋರಾ... ಅದೀರೇನು?”

ಓಗೊಟ್ಟಿತು. ಇದರಲ್ಲಿ ಮೂವರ ಮಾತೂ ಒಂದೇ. ಏನು ಓಗೊಟ್ಟಿತು ಎಂಬುದರಲ್ಲಿ ಮಾತ್ರ ಕೂಡುವುದಿಲ್ಲ. ಅದು ಬರೀ ಗುಂಯ್‌ಗುಡುವ ಸದ್ದು, ದೊಡ್ಡ ಗಡಿಗೆಯೊಳಗೆ ಕೂಗಿದಾಗ ಬರುವಂಥದು ಎಂದು ಹುಲಿಗೇಶ ಹೇಳುತ್ತಾನೆ. ಅದು ಗಂಡಸಿನ ದನಿ, ಒಬ್ಬನದಲ್ಲ, ಹಲವರದು ಎಂದು ಭಾರತಿ ಹೇಳುತ್ತಾಳೆ. ಯಮನಮ್ಮನವರು ಕೇಳಿದ್ದು ನಿದ್ದೆಯಿಂದ ಎದ್ದಂಥ ಒಂದು “ಹ್ಞಾಂ”.

“ಮುಚ್ರಿ” ಎಂದರು. “ಕಲ್ಲು ಮುಚ್ರಿ. ಮುಗೀತು.”

“ಯವ್ವಾ, ಮಾತಾಗಿದ್ದು ದೀಪದ್ದು” ಎಂದ ವಿರೇಶ.

ದೀಪ ಎಲ್ಲಿದೆ? ಸೀಮೆಎಣ್ಣೆ ಬರುವುದು ನಿಂತ ಮೇಲೆ ಚಿಮಣಿ ದೀಪಗಳನ್ನು ಎಲ್ಲರೂ ಎಸೆದಿದ್ದರು. ದೇವರ ಜಗಲಿಯ ದೀಪ ತರಲೇ ಎಂದು ಭಾರತಿ ಕೇಳಿದಳು. ಯಂಕೋಬ ಗದರಿದರು: “ದೇವ್ರ ದೀಪ ಹಗೇದಾಗ ಇಳಸ್ತಾರೇನವಾ? ನಮ್ಮ ಮನೀನ ಆರಿಸ್ತಿ?” ಆಗ ಹುಲಿಗೇಶ ತನ್ನ ಚೀಲದಿಂದ ಚಾರ್ಜಿನ ಟಾರ್ಚು ತೆಗೆದ. ಹಗ್ಗಕ್ಕೆ ಕಟ್ಟಿದರು. ಇಳಿಸಿದರು.

ಬೆಳಕು ಹಗೇವಿನ ಕೊರಳು ದಾಟಿ ಹೊಟ್ಟೆಗೆ ಇಳಿಯಿತು. ಗೋಡೆಯ ಸೊಪ್ಪೆ ಕಪ್ಪಗೆ, ಒಣಗಿದಂತೆ ಕಂಡಿತು. ತಳದಲ್ಲಿ ಬರೋರ ಪಾಲು ಇದ್ದಲ್ಲಿ ಬಿಳಿಯ ನೂಲಿನಂಥದೇನೋ ಒತ್ತಾಗಿ ಬೆಳೆದು ನಿಂತಿತ್ತು. ಗಾಳಿಯೇ ಇಲ್ಲದ ಕಡೆ ಅದು ಅಲುಗಾಡಿದಂತೆ ಭಾರತಿಗೆ ಕಂಡಿತು. ಬೆಳಕು ಕುಗ್ಗಲಿಲ್ಲ, ಮಿಣುಕಲೂ ಇಲ್ಲ.

“ಆರಲಿಲ್ಲ!” ಎಂದರು ಯಂಕೋಬ. ಅವರ ದನಿಯ ಬಿಗಿಯೂ ಸಡಿಲಾಗಿತ್ತು. “ಇನ್ನೇನಲೇ ವಿರೇಶ, ಇಳಿ.”

ದೀಪದ ಬಗ್ಗೆ ಹಿರಿಯರು ಕಲಿಸಿದ್ದನ್ನು ಎಲ್ಲರೂ ಸರಿಯಾಗಿಯೇ ನೆನಪಿಟ್ಟಿದ್ದರು. ದೀಪ ಆರದಿದ್ದರೆ ಇಳಿಯಬಹುದು. ಯಮನಮ್ಮನವರು ಅದು ಆರದಿದ್ದುದನ್ನು ಕಣ್ಣಾರೆ ಕಂಡಿದ್ದರು. ಮಗನಿಗೆ ಹೇಳಲು ಅವರ ಬಳಿ ಒಂದು ಕಾರಣವೂ ಉಳಿದಿರಲಿಲ್ಲ. ಟಾರ್ಚು ಮೇಲೆ ಬಂತು. ವಿರೇಶ ಅಂಗಿ ಬಿಚ್ಚಿ ಗೂಟಕ್ಕೆ ಹಾಕಿದ, ಹಗ್ಗವನ್ನು ನಡುವಿಗೆ ಸುತ್ತತೊಡಗಿದ. ಅವನು ಗಂಟು ಹಾಕುವಷ್ಟರಲ್ಲಿ ಯಮನಮ್ಮನವರು ಹೋಗಿ ಹಗೇವಿನ ಬಾಯಲ್ಲೇ ಕುಳಿತುಬಿಟ್ಟರು. ಕಾಲುಗಳನ್ನು ಒಳಗೆ ಇಳಿಬಿಟ್ಟು, ಎರಡೂ ಕೈಗಳನ್ನು ಹಾಸುಗಲ್ಲಿನ ಮೇಲೆ ಊರಿ.

“ಏಳಯವ್ವಾ.”

“ಏಳಂಗಿಲ್ಲ.”

“ಮಾತು ಕೊಟ್ಟೀದಿ.”

“ಕೊಟ್ಟೀನಿ. ನಿನ್ನ ತಡಿಯಂಗಿಲ್ಲಂತ ಕೊಟ್ಟೀನಿ. ನಾ ಕುಂದರಂಗಿಲ್ಲಂತ ಕೊಟ್ಟಿಲ್ಲ.”

ಯಂಕೋಬ ಹೊಟ್ಟೆ ಹಿಡಿದು ನಕ್ಕರು. “ಯಮನವ್ವಾ, ಹಗೇಕ್ಕ ಹೊಸ ಮುಚ್ಚಳ ಆದೆಲ್ಲಾ! ಕಲ್ಲಿನಕಿಂತ ನೀನ ಬರೋಬ್ಬರಿ ಅದಿ.”

“ಮುಚ್ಚಳ ಆಗತೀನಿ ಭಾವ. ನೀವು ನಿಮ್ಮ ಬೀಡಿ ಸೇದ್ರಿ.”

ಕುಳಿತವರನ್ನು ಎಳೆದು ಎಬ್ಬಿಸುವಂತಿಲ್ಲ, ಹೇಳಿಕೇಳಿ ತಾಯಿ. ಬೇಸರಾಗಿ ತಾನೇ ಏಳುತ್ತಾಳೆ ಎಂದುಕೊಂಡ ವಿರೇಶ ಕಂಬಕ್ಕೆ ಒರಗಿ ಕುಳಿತ. ಭಾರತಿ ಚಹಾ ಮಾಡಲು ಹೋದಳು. ಹೊರಗೆ ಮೋಡ ಏರಿ ಬಿಸಿಲು ಹಳದಿಗೆ ತಿರುಗಿತು. ಮಳೆ ಬರುವ ಮುನ್ನ ಹಗೇವುಗಳು ಉಸಿರು ಬಿಡುತ್ತವೆ ಎಂದು ಮಾಳಿಂಗಪ್ಪ ಹೇಳುತ್ತಿದ್ದುದು ಯಮನಮ್ಮನವರಿಗೆ ನೆನಪಿತ್ತು, ಆದರೆ ಆಗ ನೆನಪಾಗಲಿಲ್ಲ. ಕಾಲಿಗೆ ಯಾರೋ ತಣ್ಣೀರು ಸುರಿಯುತ್ತಿರುವಂತೆ ಅನಿಸಿತೆಂದೂ, ಆ ತಂಪು ಮೊಣಕಾಲಿಗೆ, ನಡುವಿಗೆ, ಎದೆಗೆ ಏರಿತೆಂದೂ ಮಾತ್ರ ಹೇಳುತ್ತಾರೆ.

ಭಾರತಿ ಚಹಾ ಹಿಡಿದು ಬಂದಾಗ ಅತ್ತೆ ತಲೆ ಬಾಗಿಸಿಕೊಂಡು ಮಾತನಾಡುತ್ತಿದ್ದರು.

“ಹ್ಞೂಂ... ತಡೀರಿ... ಸ್ವಲ್ಪ ತಡೀರಿ...”

ದನಿ ಅವರದಾಗಿರಲಿಲ್ಲ. ದಪ್ಪಗಾಗಿತ್ತು.

“ಯಾರ ಕೂಡ ಮಾತಾಡಾಕತ್ತೀರತ್ತಿ?”

ಯಮನಮ್ಮನವರು ತಲೆ ಎತ್ತಲಿಲ್ಲ. ಊರಿದ್ದ ಕೈಗಳು ಮಡಚಿದವು. ಕೆಳಗಿನಿಂದ ಯಾರೋ ಮೃದುವಾಗಿ ಎಳೆದುಕೊಂಡ ಹಾಗೆ ಅವರ ಮೈ ಬಾಯೊಳಗೆ ಜಾರಿತು. ಭಾರತಿ ಬಟ್ಟಲು ಬಿಸಾಡಿ ತುರುಬು ಹಿಡಿದಳು. ವಿರೇಶ ಹಾರಿ ಬಂದು ತೋಳು ಹಿಡಿದ. ಹಿಡಿದು ಬಾಗಿದವನೇ ಬಾಯಿ ತೆರೆದು ಉಸಿರಿಗಾಗಿ ಒದ್ದಾಡಿದ, ಅವನ ತಲೆಯೂ ಹಗೇವಿನ ಕಡೆಗೆ ವಾಲಿತು. ಅವನ ನಡುವಿನ ಹಗ್ಗ ಹುಲಿಗೇಶನ ಕೈಯಲ್ಲಿತ್ತು. ಅವನು ತನ್ನ ಭಾರಿ ಮೈಯನ್ನು ಹಿಂದಕ್ಕೆ ಬೀಳಿಸಿದ. ಹಗ್ಗದ ಜೊತೆ ಮಗ, ಮಗನ ಜೊತೆ ತಾಯಿ ಮೇಲೆ ಬಂದರು.

ಅಂಗಳದಲ್ಲಿ ಮಲಗಿಸಿದರು. ಮೊದಲ ಹನಿಗಳು ಮುಖದ ಮೇಲೆ ಬಿದ್ದಾಗ ಯಮನಮ್ಮನವರು ಕೆಮ್ಮಿದರು. ಕಣ್ಣು ಬಿಟ್ಟು ಮೊದಲು ಕೇಳಿದ್ದು, “ವಿರೇಶ ಎಲ್ಲಿ?”

“ಇಲ್ಲೇ ಅದೀನಿ ಯವ್ವಾ” ಎಂದ ಅವನು. ಅವರು ಅವನ ಮಾತು ನಂಬದೆ ಮುಖವನ್ನು ಕೈಯಿಂದ ತಡವಿ ನೋಡಿದರು.

ಒಳಗೆ ಹುಲಿಗೇಶ ಹಾಸುಗಲ್ಲಿನ ಮೇಲೇ ಕುಳಿತಿದ್ದ. ಟಾರ್ಚು ಪಕ್ಕದಲ್ಲಿ ಬಿದ್ದಿತ್ತು. ಯಾರೂ ಆರಿಸದೆ ಇದ್ದುದರಿಂದ ಅದು ಇನ್ನೂ ನಿಶ್ಚಲವಾಗಿ ಉರಿಯುತ್ತಿತ್ತು.

“ಇದು ಬೆಂಕಿ ಅಲ್ಲ” ಎಂದ ಯಂಕೋಬರಿಗೆ, ನಿಧಾನವಾಗಿ. “ಇದಕ್ಕ ಗಾಳಿ ಬೇಕಾಗೇ ಇಲ್ರಿ. ಇದು ಹೆಂಗ ಆರಬೇಕು? ಯಾರಿಗೂ ಹೊಳೀಲಿಲ್ಲ. ನನಗೂ ಹೊಳೀಲಿಲ್ಲ.”

ಯಂಕೋಬ ಒಂದು ಹಿಡಿ ಸೊಪ್ಪೆಗೆ ಬೆಂಕಿ ಹಚ್ಚಿ ಹಗೇವಿಗೆ ಹಾಕಿದರು. ಉರಿಯುತ್ತಿದ್ದ ಸೊಪ್ಪೆ ಒಳಗೆ ಬೀಳುವ ಮೊದಲೇ, ಬಾಯಿಯ ಅಂಚಿನಲ್ಲೇ, ಬೆರಳಿಂದ ಹೊಸಕಿದಂತೆ ಆರಿತು. ಹೊಗೆ ಮೇಲೇಳಲಿಲ್ಲ. ಹಗೇವಿನ ಬಾಯಲ್ಲಿ ನಿಂತ ನೀರಿನ ಮೇಲಿನ ಪೊರೆಯ ಹಾಗೆ ಚಪ್ಪಟೆಯಾಗಿ ಹರಡಿಕೊಂಡು, ಬಹಳ ಹೊತ್ತು ಮೆಲ್ಲಗೆ ಸುತ್ತುತ್ತಿತ್ತು. ಯಂಕೋಬ ಆ ದಿನ ಮತ್ತೆ ನಗೆಯಾಡಲಿಲ್ಲ.

ತಳದ ತೇವದಲ್ಲಿ ಜೋಳ ಕೊಳೆತು, ಒಳಗಿನ ಗಾಳಿಯನ್ನೆಲ್ಲ ತಿಂದು, ಕೆಟ್ಟ ಗಾಳಿ ತುಂಬಿತ್ತು. ಅದೇ ದನಿಯನ್ನು ದಪ್ಪಗೆ ಮಾಡಿದ್ದು, ಅದೇ ಯಮನಮ್ಮನವರಿಗೆ ಮಂಪರು ತಂದದ್ದು ಎಂದು ಹುಲಿಗೇಶ ವಿವರಿಸುತ್ತಾನೆ. ಅವನ ವಿವರಣೆಯಲ್ಲಿ ತಪ್ಪು ಹುಡುಕಲು ಕಾರಣವಿಲ್ಲ. ಯಮನಮ್ಮನವರೂ ಅದನ್ನು ಅಲ್ಲಗಳೆಯುವುದಿಲ್ಲ. ಆ ಮಂಪರಿನಲ್ಲಿ ಕೇಳಿದ್ದನ್ನು ಅವರು ಬಹಳ ದಿನ ಯಾರಿಗೂ ಹೇಳಿರಲಿಲ್ಲ.

“ಭಾಳ ಮಂದಿ ಇದ್ರು” ಎಂದರು ಒಂದು ದಿನ, ಹೊರಗಿನ ಕಟ್ಟೆಯ ಮೇಲೆ ಕುಳಿತು. “ಯಾರ ಮಾರೀನೂ ಕಾಣಲಿಲ್ಲ. ನಾ ತಿಳ್ಕೊಂಡೆ, ಜ್ವಾಳ ಕೇಳ್ತಾರ, ಕೆಟ್ಟು ಹೋಗ್ಯಾವಂತ ಬೈತಾರ ಅಂತ. ಜ್ವಾಳದ ಸುದ್ದೇ ಎತ್ತಲಿಲ್ಲ. ಸಿಟ್ಟೂ ಇದ್ದಿಲ್ಲ. ‘ಬಾಗಲಾಗ ಯಾರು ಕುಂತೀರಿ? ಸರೀರಿ, ಬೆಳಕು ಬರವಲ್ದು’ ಅಂದ್ರು. ಅದನ್ನ ಅಂದ್ರು, ಒಬ್ಬರ ಹಿಂದ ಒಬ್ಬರು. ನಾ ಅಂದೆ, ‘ತಡೀರಿ, ನನ್ನ ಮಗ ಅಂಗಿ ಹಾಕ್ಕೊಂಡು ಹೊರಗ ಹೋಗ್ಲಿ, ಆಮ್ಯಾಲ ಸರೀತೀನಿ.’ ನನಗ ನನ್ನ ಮಗಂದ ಚಿಂತಿ ಆಗಿತ್ತು. ಅವರೂ ಯಾರ್ದೋ ಮಕ್ಕಳ ಅಲ್ಲೇನ್ರಿ? ಆದ್ರ ಅವರ್ನ ಹಡದೋರು ಇನ್ನಾ ಹುಟ್ಟಿಲ್ಲ. ಅವರ ಸಲುವಾಗಿ ಯಾರು ಬಂದು ಕುಂದರಬೇಕು?”

ಹಗೇವಿಗೆ ವಿರೇಶ ಇಳಿದಿಲ್ಲ, ಇನ್ನು ಇಳಿಯುವುದೂ ಇಲ್ಲ. ಜೋಳವನ್ನು ಮಾಳಿಗೆಯ ಮೇಲೆ, ಕಲ್ಲುಗಳ ಮೇಲೆ ಎತ್ತರಿಸಿದ ತಗಡಿನ ಡಬ್ಬಿಯಲ್ಲಿ ಇಟ್ಟಿದ್ದಾರೆ. ಅದರಲ್ಲಿ ತಳದ ಒಂದು ಪದರವನ್ನು ಮುಟ್ಟುವುದಿಲ್ಲ. ಬಿಳಿಯಾದ ಹೊಲದಲ್ಲಿ ಹುಲಿಗೇಶನ ಸಲಹೆಯಂತೆ ನೀರು ಬಸಿಯಲು ಕಾಲುವೆ ತೆಗೆದಿದ್ದಾರೆ. ಅದು ಫಲ ಕೊಡುವುದಕ್ಕೆ ತಮ್ಮ ಆಯುಷ್ಯ ಸಾಲದೆಂದು ಯಂಕೋಬ ಹೇಳುತ್ತಾರೆ, ಆದರೆ ಅಗೆಯಲು ಸನಿಕೆ ಹಿಡಿದು ಮೊದಲು ಬಂದವರು ಅವರೇ.

ಹಗೇವನ್ನು ಮಣ್ಣು ತುಂಬಿ ಮುಚ್ಚುವುದು ಬೇಡವೆಂದು ಯಮನಮ್ಮನವರು ಹಟ ಹಿಡಿದರು. ಕಲ್ಲು ಮುಚ್ಚುವುದೂ ಬೇಡವೆಂದರು. ವಿರೇಶ ಬಳಗಾನೂರಿನಿಂದ ಕಬ್ಬಿಣದ ಜಾಳಿಗೆ ಮಾಡಿಸಿ ತಂದು ಬಾಯಿಗೆ ಬಿಗಿದ. ಮಾಳಿಗೆಯಲ್ಲಿ ಅದಕ್ಕೆ ನೇರವಾಗಿ ಒಂದು ಬೆಳಕಿಂಡಿ ತೆಗೆದ. ನಡುಹಗಲಿನಲ್ಲಿ ಬಿಸಿಲಿನ ಕೋಲೊಂದು ಪಡಸಾಲೆಯನ್ನು ದಾಟಿ ನೆಲದೊಳಗೆ ಇಳಿಯುತ್ತದೆ. ಎಷ್ಟು ಆಳಕ್ಕೆ ಹೋಗುತ್ತದೆಯೆಂದು ಮನೆಯವರು ಬಗ್ಗಿ ನೋಡುವುದಿಲ್ಲ. ಹಾಸುಗಲ್ಲಿನ ಮೇಲಿನ ತೇವ ಆರಿದೆ. ಕುರಿಮರಿಗಳು ಈಗಲೂ ಸುತ್ತು ಹಾಕಿಯೇ ಹೋಗುತ್ತವೆ.

ಈಚೆಗೆ ಹುಲಿಗೇಶ ಲಿಂಗಸುಗೂರಿನ ಕಡೆಯ ಕೆಲವು ರೈತರನ್ನು ಈ ಮನೆಗೆ ಕರೆತಂದಿದ್ದ. ಅವರಲ್ಲೊಬ್ಬರು ಹಗೇವನ್ನು ನೋಡುವ ಕುತೂಹಲದಿಂದ ಜಾಳಿಗೆಯ ಮೇಲೆಯೇ ನಿಂತರು. ಒಳಗಿನಿಂದ ಭಾರತಿ ನೀರಿನ ತಂಬಿಗೆ ಹಿಡಿದು ಬಂದಳು. ಆಗ ಅವಳಿಗೆ ಆರು ತಿಂಗಳು ತುಂಬಿತ್ತು.

“ಅಣ್ಣಾರ, ಜರಾ ಸರೀರಿ. ಅಲ್ಲಿ ನಿಂತ್ರ ಒಳಗ ಬೆಳಕು ಹೋಗಂಗಿಲ್ಲ.”

ಬಂದವರು ಸರಿದು ನಿಂತು ನಕ್ಕರು. “ಒಳಗ ಯಾರದಾರವಾ, ಬೆಳಕು ಬೇಕಾಗಾಕ?”

ಭಾರತಿ ನಗಲಿಲ್ಲ. ತಂಬಿಗೆಯನ್ನು ಅವರ ಕೈಗೆ ಕೊಟ್ಟಳು.

“ಇನ್ನಾ ಬಂದಿಲ್ರಿ” ಎಂದಳು.